ಬರೆದು ಕೊಡಿ, ಬರ್ತೀನಿ

ಹೊಲಿಗೆ ಮಿಷನ್ ಕೆಟ್ಟರೆ ನಮ್ಮ ಬೀದಿಯವರು ಹೋಗುವುದು ಒಂದೇ ಅಂಗಡಿಗೆ. ಹತ್ತಡಿ ಅಗಲ, ಹದಿನೈದಡಿ ಉದ್ದ, ಬಾಗಿಲಲ್ಲೇ ಎಣ್ಣೆಯ ವಾಸನೆ. ಗೋಡೆಯ ಮೊಳೆಗಳಲ್ಲಿ ಬೆಲ್ಟುಗಳು ನೇತಾಡುತ್ತಿರುತ್ತವೆ. ಹಳೇ ಬಿಸ್ಕತ್ತಿನ ಡಬ್ಬಗಳಲ್ಲಿ ಸ್ಕ್ರೂ, ಸ್ಪ್ರಿಂಗು, ಬಾಬಿನ್ನು ಬೇರೆ ಬೇರೆ. ಒಳಗೆ ಮೋಟು ಸ್ಟೂಲಿನ ಮೇಲೆ, ಕನ್ನಡಕವನ್ನು ಹಣೆಗೇರಿಸಿಕೊಂಡು ಕೂತಿರುವ ಹೆಂಗಸನ್ನು ದೊಡ್ಡವರು, ಚಿಕ್ಕವರು ಎಲ್ಲ ಕರೆಯುವುದು ಮಿಷನಕ್ಕ ಅಂತ.

ನಾನು ಎದುರು ಅಂಗಡಿಯವನು. ಪುಸ್ತಕ ಬೈಂಡ್ ಮಾಡುತ್ತೇನೆ. ಇಪ್ಪತ್ತೆರಡು ವರ್ಷದಿಂದ ನಾವು ಎದುರುಬದುರು. ನನ್ನ ಅಂಗಡಿಯ ಗೋಂದಿನ ವಾಸನೆಗೆ ಆಕೆ ಮೂಗು ಮುಚ್ಚಿಕೊಳ್ಳುವುದು, ಆಕೆಯ ಸುತ್ತಿಗೆ ಸದ್ದಿಗೆ ನಾನು ಗೊಣಗುವುದು, ಮಧ್ಯಾಹ್ನ ಇಬ್ಬರೂ ಒಂದೇ ಕಡೆಯಿಂದ ಟೀ ತರಿಸಿ ಕುಡಿಯುವುದು ಎಲ್ಲ ನಡೆದುಕೊಂಡು ಬಂದಿದೆ. ಈಗ ಹೇಳುವ ಸಂಗತಿಯಲ್ಲಿ ನನ್ನದೂ ಒಂದು ಪಾಲಿದೆ. ಅದು ಹೆಮ್ಮೆ ಪಡುವಂಥದ್ದಲ್ಲ. ಅದನ್ನೂ ಹೇಳುತ್ತೇನೆ.

ಅಂಗಡಿ ಮೊದಲು ಮಾವನದು. ಆತನ ಮಗ, ಅಂದರೆ ಮಿಷನಕ್ಕನ ಗಂಡ, ತುಂಬ ಒಳ್ಳೆಯ ಮನುಷ್ಯ. ಆದರೆ ಸ್ಕ್ರೂ ಬಲಕ್ಕೆ ತಿರುಗಿಸಿದರೆ ಬಿಗಿಯುತ್ತದೋ ಸಡಿಲವಾಗುತ್ತದೋ ಎಂಬುದು ಇವತ್ತಿಗೂ ಆತನಿಗೆ ಖಾತ್ರಿ ಇಲ್ಲ. ಗ್ರಂಥಾಲಯದಲ್ಲಿ ಪುಸ್ತಕ ಕೊಡುವ, ವಾಪಸ್ ತೆಗೆದುಕೊಳ್ಳುವ ಕೆಲಸ ಸಿಕ್ಕಿದಾಗ ಮನೆಯವರೆಲ್ಲ ನೆಮ್ಮದಿಯ ನಿಟ್ಟುಸಿರು ಬಿಟ್ಟರು. ಸೊಸೆ ಮಾತ್ರ ಮದುವೆಯಾಗಿ ಬಂದ ಆರನೇ ತಿಂಗಳಿಗೇ ಮಾವನಿಗೆ ಊಟ ಕೊಡಲು ಬಂದವಳು ಸ್ಟೂಲ್ ಎಳೆದುಕೊಂಡು ಕೂತಳು. ಮಾವ ಬಿಚ್ಚಿದ್ದನ್ನು ಆಕೆ ನೋಡುತ್ತಾ ಜೋಡಿಸಿದಳು. ಒಂದು ವರ್ಷಕ್ಕೆ ಆಕೆ ಬಿಚ್ಚಿದ್ದನ್ನು ಮಾವ ನೋಡುತ್ತಾ ಕೂರುವ ಹಾಗಾಯಿತು. ಮುದುಕ ಹೋಗುವ ಮುಂಚೆ ಹೇಳಿದನಂತೆ, "ಕೈ ಇದೆ ನಿನಗೆ. ಬಾಯಿ ಸ್ವಲ್ಪ ಕಮ್ಮಿ ಮಾಡ್ಕೋ." ಕೈ ಉಳಿಯಿತು, ಬಾಯಿ ಕಮ್ಮಿಯಾಗಲಿಲ್ಲ.

ಆಕೆಯ ಅಂಗಡಿಯಲ್ಲಿ ಒಂದು ನಿಯಮ ಇತ್ತು. ಒಳಗಿನಿಂದ ಯಾವ ಸಾಮಾನು ಹೊರಗೆ ಹೋದರೂ, ಒಯ್ಯುವವರು ಚೀಟಿ ಪುಸ್ತಕದಲ್ಲಿ ಸಹಿ ಹಾಕಬೇಕು: ಏನು, ಯಾವತ್ತು, ಯಾರು, ಎಲ್ಲಿಗೆ. ಸ್ವಂತ ಗಂಡ ಟಾರ್ಚ್ ಒಯ್ದರೂ ಸಹಿ. ಇದಕ್ಕೆ ನಾವು ನಗುತ್ತಿದ್ದೆವು. ಆಕೆ ಮಾತ್ರ, "ನಗಿ ಅಣ್ಣ, ನಗಿ. ಒಂದೇ ಥರದ ನಲವತ್ತು ಮಿಷನ್ ಬರುತ್ತೆ ನನ್ನ ಹತ್ರ. ಯಾರ್ದು ಯಾರಿಗೆ ಹೋಯ್ತು ಅಂತ ತಲೆ ಕೆಡಿಸ್ಕೊಳ್ಳೋರು ನೀವಲ್ಲ, ನಾನು," ಎನ್ನುತ್ತಿದ್ದಳು.

ರಿಪೇರಿಯ ಜೊತೆಗೆ ಹಳೇ ಕರೆಂಟ್ ಮಿಷನ್‌ಗಳನ್ನು ಕೊಂಡು, ಪೂರ್ತಿ ಬಿಚ್ಚಿ, ಸವೆದದ್ದನ್ನು ಬದಲಿಸಿ ಮಾರುವುದೂ ಆಕೆಯ ಕೆಲಸ. ಹಾಗೆ ಎಂಟು ಮಿಷನ್‌ಗಳನ್ನು ಒಬ್ಬ ಗಾರ್ಮೆಂಟ್ ಮಾಲೀಕ ಕೊಂಡ. ಶರ್ಟಿನ ಕಾಲರ್ ಒಂದನ್ನೇ ಹೊಲಿಸಿ ದೊಡ್ಡ ಕಂಪನಿಗಳಿಗೆ ಕಳಿಸುತ್ತಿದ್ದ. ಅದಕ್ಕೇ ಅವನಿಗೆ ಕಾಲರ್ ಸಾಹುಕಾರ ಎಂಬ ಹೆಸರು. ಒಂದೂವರೆ ಲಕ್ಷ ಎಣಿಸಿ ಕೊಟ್ಟ, ಎಂಟು ಸಹಿ ಹಾಕಿದ, ಮಿಷನ್‌ಗಳು ಹೋದವು.

ಹತ್ತೊಂಬತ್ತು ತಿಂಗಳು ಅವು ಓಡಿದವು. ಎರಡು ಪಾಳಿ, ಕೆಲವೊಮ್ಮೆ ಮೂರು. ನಂತರ ಕಂಪನಿಯವರು ಕಾಲರ್ ಬೇರೆ ಕಡೆ ಹೊಲಿಸತೊಡಗಿದರು. ಸಾಹುಕಾರನ ಕಾರ್ಖಾನೆ ನಿಂತಿತು. ಒಂದು ಬೆಳಿಗ್ಗೆ ಆತ ಮಿಷನಕ್ಕನ ಅಂಗಡಿಯ ಮುಂದೆ ಬಂದು ನಿಂತ.

"ಮಿಷನ್ ವಾಪಸ್ ತಗೊಳ್ಳಿ. ನನ್ನ ದುಡ್ಡು ಕೊಡಿ."

"ತಗೋತೀನಿ," ಎಂದಳು ಆಕೆ. "ನೋಡಿ, ಇವತ್ತಿನ ಬೆಲೆ ಹೇಳ್ತೀನಿ."

"ಇವತ್ತಿನ ಬೆಲೆ ಯಾಕೆ? ಕೊಟ್ಟಿದ್ದು ಒಂದೂವರೆ, ಬರಬೇಕಾದ್ದು ಒಂದೂವರೆ. ಕೆಟ್ಟ ಮಾಲು ಕೊಟ್ಟು ಮೋಸ ಮಾಡಿದೀರಿ."

"ಕೆಟ್ಟ ಮಾಲು ಹತ್ತೊಂಬತ್ತು ತಿಂಗಳು ಓಡುತ್ತೇನ್ರೀ? ಉಟ್ಟು ಹರಿದ ಬಟ್ಟೆ ವಾಪಸ್ ಕೊಟ್ಟು ಹೊಸ ಬಟ್ಟೆ ದುಡ್ಡು ಕೇಳ್ದಂಗಾಯ್ತು."

ಸಾಹುಕಾರ ಬೆರಳೆತ್ತಿದ. "ಎಲ್ಲಿ ಕೇಳ್ಬೇಕೋ ಅಲ್ಲಿ ಕೇಳಿಸ್ತೀನಿ," ಅಂದು ಹೋದ.

ಎರಡು ದಿನ ಬಿಟ್ಟು ಬೈಕಿನಲ್ಲಿ ಒಬ್ಬ ಪೊಲೀಸ್ ಬಂದ. ಗಾಡಿಯಿಂದ ಇಳಿಯಲೂ ಇಲ್ಲ. "ಇನ್ಸ್‌ಪೆಕ್ಟರ್ ಸಾಹೇಬ್ರು ಕರೀತಾ ಇದಾರೆ. ನಡೀರಿ," ಎಂದ. ಆಕೆ ನನ್ನ ಕಡೆ ನೋಡಿದಳು. ಆಗ ನಾನು ಮಾಡಿದ್ದು ಇಷ್ಟು: ಶಟರ್ ಅರ್ಧ ಎಳೆದು, ಕತ್ತರಿ ಹುಡುಕುವವನ ಹಾಗೆ ಒಳಗೆ ಬಗ್ಗಿದೆ. ಕತ್ತರಿ ನನ್ನ ಕೈಯಲ್ಲೇ ಇತ್ತು.

ಠಾಣೆಯಲ್ಲಿ ಆಕೆಯನ್ನು ಬೆಳಿಗ್ಗೆ ಹನ್ನೊಂದರಿಂದ ಸಂಜೆ ಆರರವರೆಗೆ ಬೆಂಚಿನ ಮೇಲೆ ಕೂರಿಸಿದರು. ಫೋನ್ ತೆಗೆದಿಟ್ಟುಕೊಂಡರು. ಬೆಂಚಿನ ಒಂದು ಕಾಲು ಗಿಡ್ಡ ಇತ್ತಂತೆ, ಪಕ್ಕದವರು ಎದ್ದಾಗಲೆಲ್ಲ ವಾಲುತ್ತಿತ್ತಂತೆ. ಆ ಪಕ್ಕದವರಲ್ಲಿ ಇಬ್ಬರು ಇಂಥದ್ದೇ ವಿಷಯಕ್ಕೆ ಬಂದವರು. ಒಬ್ಬ ಬಡಗಿ, ಮಾಡಿಕೊಟ್ಟ ಬಾಗಿಲು ಸರಿ ಇಲ್ಲ ಎಂದು ಯಾರೋ ಹಣ ವಾಪಸ್ ಕೇಳುತ್ತಿದ್ದರು. ಇನ್ನೊಬ್ಬಳು ಬಾಡಿಗೆ ಮನೆ ಬಿಟ್ಟವಳು. ಮುಂಗಡ ವಾಪಸ್ ಕೇಳಿದ್ದಕ್ಕೆ ಮನೆಯೊಡೆಯ ಅವಳನ್ನೇ ಇಲ್ಲಿಗೆ ಕರೆಸಿದ್ದ. ಇಬ್ಬರೂ ನೆಲ ನೋಡುತ್ತಿದ್ದರು.

ಆರಕ್ಕೆ ಇನ್ಸ್‌ಪೆಕ್ಟರ್ ಒಳಗೆ ಕರೆದ. ಮೂವತ್ತೈದರ ಒಳಗಿನ ವಯಸ್ಸು, ಇಸ್ತ್ರಿ ಮುರಿಯದ ಅಂಗಿ, ಮಾತೆಲ್ಲ ಬೆಣ್ಣೆ. ಕಾಲರ್ ಸಾಹುಕಾರ ಆಗಲೇ ಕುರ್ಚಿಯಲ್ಲಿದ್ದ, ಕೈಯಲ್ಲಿ ಟೀ ಲೋಟ.

"ಅಮ್ಮಾ, ಸಣ್ಣ ವಿಷಯ. ಅವರ ದುಡ್ಡು ಅವರಿಗೆ ಕೊಟ್ಬಿಡಿ. ಮೂರು ತಿಂಗಳು ಟೈಮ್ ಕೊಡಿಸ್ತೀನಿ. ಇಲ್ಲೊಂದು ಸಹಿ ಹಾಕಿ, ಮನೆಗೆ ಹೋಗಿ."

"ನನ್ನ ಮೇಲೆ ದೂರು ಏನಿದೆ ಸಾರ್? ಓದಿ ಹೇಳಿ."

"ದೂರು ಗೀರು ಎಲ್ಲ ಯಾಕೆ? ಮಾತಲ್ಲೇ ಮುಗಿಸೋಣ ಅಂತ ತಾನೆ ಕರೆಸಿದ್ದು."

"ಮಾತಲ್ಲಿ ಮುಗಿಸೋಕೆ ಅವರಿಗೆ ನನ್ನ ಅಂಗಡಿ ಬಾಗಿಲು ಗೊತ್ತು. ದೂರಿದ್ರೆ ಬರೆದುಕೊಳ್ಳಿ, ನನಗೊಂದು ಪ್ರತಿ ಕೊಡಿ. ಇಲ್ಲಾಂದ್ರೆ ಏಳು ಗಂಟೆ ಹೊತ್ತು ನನ್ನ ಯಾಕೆ ಕೂರಿಸಿದ್ರಿ ಅಂತ ಬರೆದು ಕೊಡಿ."

ಇನ್ಸ್‌ಪೆಕ್ಟರ್ ನಕ್ಕ. "ಬರೆಯೋಕೆ ಶುರು ಮಾಡಿದ್ರೆ ನಿಮಗೇ ಕಷ್ಟ ಅಮ್ಮಾ."

ಆ ಸಂಜೆ ಸಹಿ ಹಾಕದೆಯೇ ಮನೆಗೆ ಬಂದ ಆಕೆ ಬಾಗಿಲಿಗೆ ಒರಗಿ ನಿಂತಳಂತೆ. ಅತ್ತೆಗೆ ಎಂಬತ್ತು ದಾಟಿದೆ. ಕಿವಿ ಮಂದ, ಬುದ್ಧಿ ಚುರುಕು. ಆಕೆ ಸೊಸೆಯ ಮುಖ ನೋಡಿ ಕೇಳಿದಳು, "ಹೆದರಿದ್ಯಾ?"

"ಹೂಂ ಅತ್ತೆ. ಹೆದರಿದೀನಿ."

"ಊಟ ಮಾಡಿ ಹೆದರು. ಖಾಲಿ ಹೊಟ್ಟೇಲಿ ಹೆದರಬಾರದು."

ಗಂಡ ಮಾತ್ರ ಊಟ ಮಾಡಲಿಲ್ಲ. "ಸಹಿ ಹಾಕಿ ಕಳ್ಕೊಳ್ಳೋಣ ಕಣೇ. ಇದ್ದಬದ್ದ ಒಡವೆ ಮಾರಿದ್ರಾಯ್ತು. ಅವರ ಸಹವಾಸ ನಮಗೆ ಯಾಕೆ?" ಎಂದ. ಅತ್ತೆ ಆ ಮಾತನ್ನು ಕೇಳಿಸಿಕೊಳ್ಳಲಿಲ್ಲ. ಅದು ಕಿವಿಯ ದೋಷವೋ ಬುದ್ಧಿಯ ಚುರುಕೋ ಯಾರಿಗೂ ತಿಳಿಯಲಿಲ್ಲ.

ಅಲ್ಲಿಂದ ಮೂರು ವಾರದಲ್ಲಿ ಆರು ಸಲ ಕರೆದರು. ಒಮ್ಮೆ ಬೈಕಿನಲ್ಲಿ ಬಂದು, ಒಮ್ಮೆ ಫೋನ್ ಮಾಡಿ, ಒಮ್ಮೆ ಗಿರಾಕಿಗಳ ಎದುರಿಗೇ ಜೀಪ್ ನಿಲ್ಲಿಸಿ. ಪ್ರತಿ ಸಲವೂ ಆಕೆಯದು ಒಂದೇ ಮಾತು: "ಬರೆದು ಕೊಡಿ, ಬರ್ತೀನಿ." ಅವರು ಬರೆದು ಕೊಡುತ್ತಿರಲಿಲ್ಲ. ಬರದಿದ್ದರೆ ಎಳೆದೊಯ್ಯುತ್ತೇವೆ ಎನ್ನುತ್ತಿದ್ದರು. ಬೀದಿಯಲ್ಲಿ ಎಳೆದಾಡಿಸಿಕೊಳ್ಳುವುದು ಬೇಡವೆಂದು ಆಕೆ ತಾನೇ ನಡೆದು ಹೋಗುತ್ತಿದ್ದಳು. ಆದರೆ ಹೊರಡುವ ಮುಂಚೆ ಬೀದಿಗೆಲ್ಲ ಕೇಳುವಂತೆ, "ಗಂಟೆ ಹನ್ನೊಂದೂಕಾಲು! ಬರವಣಿಗೆ ಇಲ್ಲದೆ ಕರ್ಕೊಂಡು ಹೋಗ್ತಿದಾರೆ! ನೆನಪಿಟ್ಕೊಳ್ಳಿ!" ಎಂದು ಕೂಗುತ್ತಿದ್ದಳು. ನಾವೆಲ್ಲ ನೆನಪಿಟ್ಟುಕೊಳ್ಳದವರ ಹಾಗೆ ಮುಖ ಮಾಡುತ್ತಿದ್ದೆವು.

ನಾಲ್ಕನೇ ಸಲ ಗಂಡನನ್ನೂ ಗ್ರಂಥಾಲಯದಿಂದ ಕರೆತಂದು ಪಕ್ಕದಲ್ಲಿ ಕೂರಿಸಿದರು. ಆತನ ಮುಂದೆ ಕಾಗದ ಇಟ್ಟು ಪೆನ್ ಕೊಟ್ಟರು. ಆತ ಪೆನ್ನಿನ ಮುಚ್ಚಳ ತೆಗೆದೂ ಬಿಟ್ಟ. ಮಿಷನಕ್ಕ ತನ್ನ ಅಂಗೈಯನ್ನು ಕಾಗದದ ಮೇಲೆ ಚಪ್ಪಟೆಯಾಗಿ ಊರಿದಳು. ಎಣ್ಣೆಯ ಐದು ಬೆರಳು ಕಾಗದದ ಮೇಲೆ ಮೂಡಿದವು.

"ಕೈ ತೆಗೀರಿ," ಎಂದ ಇನ್ಸ್‌ಪೆಕ್ಟರ್. ಬೆಣ್ಣೆ ಕರಗಿತ್ತು.

"ಮಿಷನ್ ಮಾರಿದ್ದು ನಾನು ಸಾರ್. ಇವರಿಗೆ ಸೂಜಿಗೆ ದಾರ ಹಾಕೋಕೂ ಬರಲ್ಲ. ಇವರ ಸಹಿ ತಗೊಂಡು ಏನು ಮಾಡ್ತೀರಿ?"

ಪಕ್ಕದ ಮೇಜಿನ ಇಬ್ಬರು ನಗು ತಡೆಯಲಾರದೆ ಕೆಮ್ಮಿದರು. ಗಂಡನಿಗೂ ಆ ಹೊತ್ತಿನಲ್ಲಿ ನಗು ಬಂತಂತೆ. ಪೆನ್ನಿನ ಮುಚ್ಚಳ ಹಾಕಿ ಮೇಜಿನ ಮೇಲಿಟ್ಟ. "ನನ್ನ ಜೀವಮಾನದಲ್ಲಿ ನಾನು ಮಾಡಿದ ದೊಡ್ಡ ಧೈರ್ಯದ ಕೆಲಸ ಅಂದ್ರೆ ಅದು. ಮುಚ್ಚಳ ಹಾಕಿದ್ದು," ಎಂದು ಆತ ಆಮೇಲೆ ನನಗೆ ಹೇಳಿದ.

ಮಣಿಯಲಿಲ್ಲ ಎಂದಾಗ ಬೇರೆ ದಾರಿ ಹಿಡಿದರು. ಒಂದು ಮಂಗಳವಾರ ಮಧ್ಯಾಹ್ನ ವಯಸ್ಸಾದ ದಫೇದಾರನೊಬ್ಬ ಇನ್ನೊಬ್ಬ ಪೊಲೀಸನ ಜೊತೆ ಅಂಗಡಿಗೆ ಬಂದ. "ಅಕ್ಕ, ಬೇಜಾರು ಮಾಡ್ಕೋಬೇಡಿ. ದುಡ್ಡು ಕೊಡೋವರೆಗೆ ಒಂದು ಮಿಷನ್ ತಂದಿಡು ಅಂದಿದಾರೆ ಸಾಹೇಬ್ರು," ಎಂದು ಮೇಜಿನ ಮೇಲಿದ್ದ ದಪ್ಪ ಮಿಷನ್‌ನತ್ತ ಕೈ ಮಾಡಿದ. ಅದು ಚರ್ಮದ ಚೀಲ ಹೊಲಿಯುವ ಮಿಷನ್. ಪಕ್ಕದ ಓಣಿಯ ಚೀಲ ಹೊಲಿಯುವವಳದು, ರಿಪೇರಿಗೆ ಬಂದದ್ದು.

"ಅದು ನನ್ನದಲ್ಲ! ಆಕೆ ಒಬ್ಬಳ ದುಡಿಮೇಲಿ ಮೂರು ಹೊಟ್ಟೆ ತುಂಬಬೇಕು. ನನ್ನದು ಬೇಕಾದ್ರೆ ಆ ಗೋಡೆ ಹತ್ರ ಇದೆ."

"ಅದು ಹಳೇದು ಅಕ್ಕ. ಬೆಲೆ ಬಾಳೋದು ತಾ ಅಂದಿದಾರೆ," ಎಂದ ಆತ. ಸುಳ್ಳು ಹೇಳಲು ಬಾರದ ಮನುಷ್ಯ.

ಆಕೆಯ ಕಣ್ಣು ಕೆಂಪಾಯಿತು. ಅಳುತ್ತಾಳೆಂದುಕೊಂಡೆ. ಅಳಲಿಲ್ಲ. ಡ್ರಾ ಎಳೆದು ಚೀಟಿ ಪುಸ್ತಕ ತೆಗೆದು ಮೇಜಿನ ಮೇಲೆ ಬಡಿದಳು. "ಹಾಗಾದ್ರೆ ಸಹಿ ಹಾಕಿ ಒಯ್ರಿ. ನನ್ನ ಅಂಗಡಿಯಿಂದ ಸೂಜಿ ಹೋದ್ರೂ ಸಹಿ ಬೇಕು. ನಿಮಗೆ ಗೊತ್ತಲ್ಲ."

ದಫೇದಾರನಿಗೆ ಗೊತ್ತಿತ್ತು. ಹೋದ ವರ್ಷ ತನ್ನ ಹೆಂಡತಿಯ ಮಿಷನ್ ರಿಪೇರಿ ಮಾಡಿಸಿ ಒಯ್ಯುವಾಗ ಅದೇ ಪುಸ್ತಕದಲ್ಲಿ ಸಹಿ ಹಾಕಿದ್ದ. ರೂಢಿಯ ಕೈ, ಏನೂ ಯೋಚಿಸದೆ ಪೆನ್ ಹಿಡಿಯಿತು. ಜೊತೆಗಿದ್ದವನು, "ಏ, ಬೇಡ ಕಣಣ್ಣ," ಅನ್ನುವಷ್ಟರಲ್ಲಿ ಬರೆದಾಗಿತ್ತು. ಏನು: ಚರ್ಮದ ಹೊಲಿಗೆ ಮಿಷನ್ ಒಂದು. ಯಾರು: ತನ್ನ ಹೆಸರು, ಬಿಲ್ಲೆ ನಂಬರು. ಎಲ್ಲಿಗೆ: ಸ್ಟೇಷನ್‌ಗೆ, ಇನ್ಸ್‌ಪೆಕ್ಟರ್ ಸಾಹೇಬರ ಮಾತಿನ ಮೇರೆಗೆ. ಅಕ್ಷರ ಮುದ್ದಾಗಿತ್ತು, ಮುತ್ತು ಪೋಣಿಸಿದ ಹಾಗೆ.

ಅವರು ಹೋದ ಮೇಲೆ ಆಕೆ ಗೋಡೆ ಹತ್ತಿರದ ತನ್ನ ಮಿಷನ್‌ಗೆ ದಪ್ಪ ಸೂಜಿ ಹಾಕಿ, ಪೆಡಲ್ ಬಿಗಿ ಮಾಡಿ, ಕೈಗಾಡಿ ಮೇಲೆ ಹೇರಿಕೊಂಡು ಚೀಲ ಹೊಲಿಯುವವಳ ಮನೆಗೆ ತಾನೇ ತಳ್ಳಿಕೊಂಡು ಹೋದಳು. ಆಕೆ ಬೈದಳಂತೆ. "ನಿನ್ನ ಜಗಳಕ್ಕೆ ನನ್ನ ಮಿಷನ್ನೇ ಬೇಕಿತ್ತಾ?" ಮಿಷನಕ್ಕ ಎದುರು ಮಾತಾಡದೆ ಅಷ್ಟೂ ಬೈಗುಳ ತಿಂದು ಬಂದಳು. ಆಕೆ ಎದುರು ಮಾತಾಡದೆ ಇದ್ದದ್ದು ನನಗೆ ತಿಳಿದ ಮಟ್ಟಿಗೆ ಅದೊಂದೇ ಸಲ.

ಮರುದಿನ ವಕೀಲರ ಬಳಿ ಹೋದಳು. ಆ ವಕೀಲಮ್ಮ ಮೇಲಿನ ಕೋರ್ಟಿನಲ್ಲಿ ಕೆಲಸ ಮಾಡುವವಳು. ಕಚೇರಿ ಅಂದರೆ ಮೆಟ್ಟಿಲ ಕೆಳಗಿನ ಒಂದು ಕೋಣೆ, ಎರಡು ಕುರ್ಚಿ, ಸೀಲಿಂಗ್ ಮುಟ್ಟುವ ಫೈಲುಗಳು. ಎಲ್ಲ ಕೇಳಿಸಿಕೊಂಡು ಆಕೆ ಹೇಳಿದಳು: "ಸಾಲ, ವ್ಯಾಪಾರ, ಕೊಡೋದು ತಗೊಳ್ಳೋದು, ಇದೆಲ್ಲ ಸಿವಿಲ್ ಕೋರ್ಟ್ ನೋಡ್ಬೇಕಾದ್ದು. ವಸೂಲಿ ಮಾಡಿಕೊಡೋದು ಪೊಲೀಸರ ಕೆಲಸ ಅಲ್ಲ. ಕಿರುಕುಳ ಅಂತ ಅರ್ಜಿ ಹಾಕಬಹುದು. ಆದ್ರೆ ಅವರು, ನಾವು ಕರೆದೇ ಇಲ್ಲ, ಅವಳೇ ಬಂದಿದ್ಲು ಅಂತಾರೆ. ನಿಮ್ಮ ಹತ್ರ ಏನಿದೆ?"

ಮಿಷನಕ್ಕ ಚೀಟಿ ಪುಸ್ತಕ ಇಟ್ಟಳು. ವಕೀಲಮ್ಮ ಅದನ್ನು ಎರಡು ಸಲ ಓದಿ, ಕುರ್ಚಿಗೆ ಒರಗಿ, "ಇದು ಅವರೇ ಬರೆದದ್ದಾ?" ಎಂದು ಮೂರು ಸಲ ಕೇಳಿದಳು.

ಆಗ ಮೂಲೆಯಲ್ಲಿ ನಿಂತಿದ್ದ ಗಂಡ ಚೀಲದಿಂದ ಗ್ರಂಥಾಲಯದ ಕಾರ್ಡುಗಳ ಒಂದು ಕಟ್ಟು ತೆಗೆದ. ಹೆದರಿಕೆಯಾದಾಗ ಆತನಿಗೆ ಬರೆಯುವ ಚಾಳಿ. ಹೆಂಡತಿಯನ್ನು ಕರೆದೊಯ್ದ ಪ್ರತಿ ದಿನಕ್ಕೂ, ಸಂಜೆ ಆಕೆ ಹೇಳಿದ್ದನ್ನು ಕೇಳಿ ಬರೆದ ಒಂದು ಕಾರ್ಡು: ಹೋದ ಹೊತ್ತು, ಬಂದ ಹೊತ್ತು, ಕರೆಯಲು ಬಂದವರ ಗಾಡಿ ನಂಬರು. ಪುಸ್ತಕ ಕೊಟ್ಟು ಪಡೆಯುವ ಲೆಕ್ಕದ ಹಾಗೇ, ತಪ್ಪಿಲ್ಲದೆ. ಹೆಂಡತಿಗೂ ಅದು ಗೊತ್ತಿರಲಿಲ್ಲ. ಆಕೆ ಗಂಡನನ್ನು ಹೊಸದಾಗಿ ನೋಡುವವಳ ಹಾಗೆ ನೋಡಿದಳಂತೆ. "ನಿಮ್ಮ ಯಜಮಾನ್ರು ಚಿನ್ನ ಕಣ್ರೀ," ಎಂದಳು ವಕೀಲಮ್ಮ. ಆಮೇಲೆ, "ನಿಮ್ಮನ್ನ ಕರೆದೊಯ್ದಿದ್ದು ಕಣ್ಣಾರೆ ಕಂಡ ಹೊರಗಿನವರು ಒಬ್ಬರು ಪ್ರಮಾಣ ಪತ್ರ ಕೊಟ್ರೆ ಇನ್ನೂ ಗಟ್ಟಿ," ಎಂದಳು.

ಹೊರಗಿನವರು ಅಂದರೆ ನಾನು.

ಆಕೆ ಬಂದು ಕೇಳಿದಾಗ ನಾನು ಅಡ್ಡಗೋಡೆ ಮೇಲೆ ದೀಪ ಇಟ್ಟೆ. ನೋಡೋಣ, ಮಗಳ ಮದುವೆ ಮಾತು ನಡೀತಿದೆ, ಸರ್ಕಾರಿ ಕಚೇರಿಗಳ ರಿಜಿಸ್ಟರ್ ಕೆಲಸವೇ ನನಗೆ ಹೆಚ್ಚು, ಅದೂ ಇದೂ. ಆಕೆ ಪೂರ್ತಿ ಕೇಳಿಸಿಕೊಂಡಳು. ಆಮೇಲೆ ಹೇಳಿದಳು, "ಮೊದಲ ದಿನ ನೀವು ಶಟರ್ ಎಳೆದಿದ್ದು ನಾನು ನೋಡಿದೀನಿ ಅಣ್ಣ. ನಿಮ್ಮ ಜಾಗದಲ್ಲಿ ನಾನಿದ್ರೂ ಎಳೀತಿದ್ನೋ ಏನೋ. ಅದಕ್ಕೆ ಬೇಜಾರಿಲ್ಲ. ಈಗ ಎತ್ತೋದಾದ್ರೆ ಎತ್ತಿ. ಇಲ್ಲಾಂದ್ರೆ ಇಲ್ಲ ಅಂತ ನೇರ ಹೇಳಿ, ಮದುವೆ ಗಿದುವೆ ಮಧ್ಯೆ ತರಬೇಡಿ."

ಎರಡು ದಿನ ನನಗೆ ಕೆಲಸ ಓಡಲಿಲ್ಲ. ಒಂದು ಪುಸ್ತಕದ ರಟ್ಟನ್ನು ತಲೆಕೆಳಗಾಗಿ ಅಂಟಿಸಿದೆ. ಮೂರನೇ ದಿನ ವಕೀಲಮ್ಮನ ಕೋಣೆಗೆ ಹೋಗಿ ಸಹಿ ಹಾಕಿದೆ. ಶಟರ್ ಎಳೆದದ್ದನ್ನೂ ಬರೆಸಿದೆ. ಅದು ಬೇಡ ಅಂದಳು ವಕೀಲಮ್ಮ. ಇರಲಿ, ಅದು ನಿಜ ಅಂದೆ.

ಅರ್ಜಿ ದಾಖಲಾದ ಸುದ್ದಿ ಠಾಣೆಗೆ ಮುಟ್ಟಿದ ದಿನವೇ ಇನ್ಸ್‌ಪೆಕ್ಟರ್ ಖುದ್ದಾಗಿ ಅಂಗಡಿಗೆ ಬಂದ. ಈ ಸಲ ಜೀಪ್ ಬೀದಿಯ ತುದಿಯಲ್ಲಿ ನಿಂತಿತ್ತು, ಮಾತಿಗೆ ಮತ್ತೆ ಬೆಣ್ಣೆ ಬಂದಿತ್ತು. ನಾನು ನನ್ನ ಅಂಗಡಿಯ ಹೊರಗೇ ನಿಂತಿದ್ದೆ, ಶಟರ್ ಪೂರ್ತಿ ಮೇಲಿತ್ತು.

"ಮಿಷನ್ ಸಂಜೆಗೇ ಕಳಿಸಿಕೊಡ್ತೀನಿ. ಅರ್ಜಿ ವಾಪಸ್ ತಗೊಳ್ಳಿ ಅಮ್ಮಾ. ಹಾವೂ ಸಾಯ್ಬಾರ್ದು, ಕೋಲೂ ಮುರೀಬಾರ್ದು."

"ಕೋಲು ನಿಮ್ಮ ಕೈಲಿತ್ತು ಸಾರ್. ಹಾಗಾದ್ರೆ ಹಾವು ನಾನಾ?"

"ನಾಳೆ ನಿಮಗೇ ಏನಾದ್ರೂ ಕಳ್ಳತನ ಗಿಳ್ಳತನ ಆದ್ರೆ ನಮ್ಮ ಹತ್ರಾನೇ ಬರಬೇಕು. ಮರೀಬೇಡಿ."

"ಬರ್ತೀನಿ. ಬಂದು ದೂರು ಕೊಡ್ತೀನಿ, ಪ್ರತಿ ಕೇಳ್ತೀನಿ. ಮಿಷನ್ ಕಳಿಸೋದಾದ್ರೆ ಇವತ್ತೇ ಕಳಿಸಿ, ಅದು ಬಡವರದು. ಅರ್ಜಿ ಮಾತ್ರ ನನ್ನದು, ಅದು ವಾಪಸ್ ಬರಲ್ಲ."

ಮಿಷನ್ ಆ ಸಂಜೆ ಬರಲಿಲ್ಲ.

ವಿಚಾರಣೆಯ ದಿನ ನಾವು ನಾಲ್ವರು ಹೋದೆವು: ಮಿಷನಕ್ಕ, ಗಂಡ, ನಾನು, ಮತ್ತು ಹಠ ಹಿಡಿದು ಬಂದ ಅತ್ತೆ. ಮೂವತ್ತೆಂಟನೇ ನಂಬರು. ನ್ಯಾಯಾಧೀಶರು ಒಂದೊಂದು ಅರ್ಜಿಗೂ ಮೂರು ನಿಮಿಷ ಕೊಡುತ್ತಿದ್ದರು. ನಮಗಿಂತ ಮುಂಚಿನ ಐದಾರು ಅರ್ಜಿಗಳಲ್ಲಿ ಎರಡು ಇದೇ ಥರದವು, ಯಾರದೋ ಚೀಟಿ ವ್ಯವಹಾರ, ಯಾರದೋ ಕಾರು ಮಾರಾಟ, ನಡುವೆ ಪೊಲೀಸರು. ಬೆಂಚಿನ ಮೇಲೆ ತಾನೊಬ್ಬಳೇ ಕೂತಿರಲಿಲ್ಲ ಎಂಬುದು ಆಕೆಗೆ ಅಲ್ಲಿ ಮತ್ತೊಮ್ಮೆ ತಿಳಿಯಿತು.

ಸರ್ಕಾರಿ ವಕೀಲರು ಎದ್ದು ನಿಂತು ಹೇಳಿದರು, "ಸ್ವಾಮಿ, ಪೊಲೀಸರು ಅರ್ಜಿದಾರರನ್ನು ಕರೆಸಿಯೇ ಇಲ್ಲ. ಒಮ್ಮೆ ಅವರಾಗಿಯೇ ಬಂದು ಹೋಗಿದ್ದಾರೆ. ಹಣದ ವಿಷಯಕ್ಕೆ ಠಾಣೆ ತಲೆ ಹಾಕಿಲ್ಲ."

ವಕೀಲಮ್ಮ ಚೀಟಿ ಪುಸ್ತಕವನ್ನು ಮೇಲಕ್ಕೆ ಕೊಟ್ಟಳು. ನ್ಯಾಯಾಧೀಶರು ಓದಿದರು. ಕನ್ನಡಕ ತೆಗೆದು ಒರೆಸಿ ಮತ್ತೆ ಓದಿದರು.

"ಠಾಣೆ ತಲೆ ಹಾಕಿಲ್ಲ ಅಂದ್ರಿ. ಹಾಗಾದ್ರೆ ಈ ಹೊಲಿಗೆ ಮಿಷನ್ ಅಲ್ಲಿಗೆ ಯಾಕೆ ಹೋಯ್ತು? ನಿಮ್ಮ ಠಾಣೇಲಿ ಹೊಲಿಗೆ ಕ್ಲಾಸ್ ನಡೀತಾ ಇದೆಯಾ?"

ಕೋರ್ಟ್ ಹಾಲ್ ಗೊಳ್ಳೆಂದು ನಕ್ಕಿತು. ಅತ್ತೆಗೆ ಕೇಳಿಸಲಿಲ್ಲ. "ಏನಂತೆ? ಏನಂತೆ?" ಎಂದು ನನ್ನ ತೋಳು ಜಗ್ಗಿದಳು. ಸರ್ಕಾರಿ ವಕೀಲರು ಹಿಂದೆ ಕೂತಿದ್ದ ಇನ್ಸ್‌ಪೆಕ್ಟರ್ ಕಡೆ ತಿರುಗಿದರು. ಆತ ನೆಲ ನೋಡುತ್ತಿದ್ದ.

ಆದೇಶ ಆಗಲೇ ಬರೆಸಿದರು. ಮಿಷನ್ ಇಪ್ಪತ್ನಾಲ್ಕು ಗಂಟೆಯೊಳಗೆ ಅಂಗಡಿಗೆ ಮುಟ್ಟಬೇಕು. ಖಾಸಗಿ ಹಣದ ತಕರಾರಿಗೆ ಈ ಹೆಂಗಸನ್ನಾಗಲಿ ಗಂಡನನ್ನಾಗಲಿ ಠಾಣೆಗೆ ಕರೆಯಕೂಡದು. ಬೇರೆ ಯಾವುದೇ ಕಾರಣವಿದ್ದರೂ ಲಿಖಿತ ನೋಟಿಸ್ ಇಲ್ಲದೆ ಕರೆಯಕೂಡದು. ಮಿಷನ್ ಒಯ್ದದ್ದರ ಬಗ್ಗೆ ಮೇಲಧಿಕಾರಿ ವಿಚಾರಣೆ ನಡೆಸಿ ವರದಿ ಕೊಡಬೇಕು. ಹಣ ಬರಬೇಕೆನ್ನುವವರು ಸಿವಿಲ್ ಕೋರ್ಟಿಗೆ ಹೋಗಬಹುದು.

ಮಿಷನ್ ಮರುದಿನ ಬೆಳಿಗ್ಗೆ ಎಂಟಕ್ಕೇ ಬಂತು. ಧೂಳು ಹಿಡಿದಿತ್ತು, ಒಂದು ಸ್ಪ್ರಿಂಗ್ ಕಾಣೆಯಾಗಿತ್ತು. ಮಿಷನಕ್ಕ ಸ್ಪ್ರಿಂಗ್ ಹಾಕಿ, ದುಡ್ಡು ತೆಗೆದುಕೊಳ್ಳದೆ ಚೀಲ ಹೊಲಿಯುವವಳಿಗೆ ಕೊಟ್ಟಳು. ಆಕೆ ಆಗಲೂ ಸ್ವಲ್ಪ ಬೈದಳು.

ವಿಚಾರಣೆಯ ವರದಿ ಬಂದಾಗ ಮಾತ್ರ ಮಿಷನಕ್ಕನ ಮುಖ ಸಪ್ಪಗಾಯಿತು. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಎಂಬ ಹಾಗೆ, ಇನ್ಸ್‌ಪೆಕ್ಟರನಿಗೆ ಒಂದು ಎಚ್ಚರಿಕೆ ಪತ್ರ, ದಫೇದಾರನಿಗೆ ಒಂದು ವರ್ಷದ ಸಂಬಳದ ಬಡ್ತಿ ಕಟ್ ಮತ್ತು ಬಿಸಿಲಲ್ಲಿ ಟ್ರಾಫಿಕ್ ಕೆಲಸ. ಆಕೆ ಹುಡುಕಿಕೊಂಡು ಹೋಗಿ ನಾಲ್ಕು ರಸ್ತೆ ಕೂಡುವಲ್ಲಿ ಆತನನ್ನು ಕಂಡಳು. ನಾನೂ ಜೊತೆಗಿದ್ದೆ.

"ನಿಮ್ಮ ಪುಸ್ತಕದಲ್ಲಿ ಸಹಿ ಹಾಕಿ ಕೆಟ್ಟೆ ಅಕ್ಕ," ಎಂದ ಆತ. ಮಾತಿನಲ್ಲಿ ಸಿಟ್ಟಿರಲಿಲ್ಲ, ಸುಸ್ತಿತ್ತು.

"ನೀವು ಬರೆದಿದ್ದು ಒಂದಕ್ಷರ ಸುಳ್ಳಿದ್ದಿದ್ರೆ ಕ್ಷಮೆ ಕೇಳ್ತಿದ್ದೆ. ಆ ಠಾಣೇಲಿ ನಿಜ ಬರೆದವರು ನೀವೊಬ್ಬರೇ. ಶಿಕ್ಷೆ ನಿಮಗೆ ಬಂದದ್ದು ತಪ್ಪು. ಮೇಲ್ಮನವಿ ಹಾಕ್ತೀರಾ? ವಕೀಲಮ್ಮನ ಹತ್ರ ನಾನೇ ಕರ್ಕೊಂಡು ಹೋಗ್ತೀನಿ."

ಆತ ಸಿಳ್ಳೆ ಊದಿ ಒಂದು ಲಾರಿ ನಿಲ್ಲಿಸಿ, "ಸಾಕು ತಾಯಿ, ಎರಡು ವರ್ಷ ಇದೆ ರಿಟೈರ್ ಆಗೋಕೆ," ಎಂದ. ಅದು ಆಕೆಗೆ ಇಂದಿಗೂ ಮುಳ್ಳಿನ ಹಾಗೆ ಚುಚ್ಚುತ್ತದೆ. ಬೆಂಚಿನ ಮೇಲೆ ಪಕ್ಕದಲ್ಲಿದ್ದ ಬಡಗಿ ಮಾತ್ರ ಒಂದು ದಿನ ಕೇಳಿಕೊಂಡು ಬಂದ. ಆಕೆ ಅವನನ್ನು ಮೆಟ್ಟಿಲ ಕೆಳಗಿನ ಕೋಣೆಗೆ ಕರೆದೊಯ್ದಳು. ಆಮೇಲೆ ಬೇರೆಯವರೂ ಬಂದರು. ಈಗ ಆಕೆಯ ಸ್ಟೂಲಿನ ಪಕ್ಕ ಇನ್ನೊಂದು ಸ್ಟೂಲ್ ಇದೆ. ಮಿಷನ್ ಇಲ್ಲದೆ ಬಂದವರು ಅದರ ಮೇಲೆ ಕೂತರೆ, ವಿಷಯ ಏನೆಂದು ನಾನು ಇಲ್ಲಿಂದಲೇ ಹೇಳಬಲ್ಲೆ.

ಕಾಲರ್ ಸಾಹುಕಾರ ಸಿವಿಲ್ ಕೋರ್ಟಿನಲ್ಲಿ ದಾವೆ ಹಾಕಿದ. ಆಕೆಗೆ ನೋಟಿಸ್ ಬಂದಾಗ ಹಿಗ್ಗಿಹೋದಳು. "ನೋಡಿ ಅಣ್ಣ, ಹೀಗೆ ಬರಬೇಕು!" ಎಂದು ಬೀದಿಗೆಲ್ಲ ತೋರಿಸಿದಳು. ಹದಿನಾಲ್ಕು ತಿಂಗಳು, ಒಂಬತ್ತು ದಿನಾಂಕ. ಒಂದಕ್ಕೂ ಆಕೆ ತಪ್ಪಿಸಲಿಲ್ಲ. ಸಾಹುಕಾರ ಮೊದಲ ಎರಡಕ್ಕೆ ಬಂದ, ಆಮೇಲೆ ಅವನ ವಕೀಲ ಬಂದ, ಆಮೇಲೆ ವಕೀಲನೂ ಬರಲಿಲ್ಲ. ಮೂರು ಸಲ ಸತತವಾಗಿ ಯಾರೂ ಬಾರದಿದ್ದಾಗ ನ್ಯಾಯಾಧೀಶೆ ದಾವೆ ವಜಾ ಎಂದರು.

ಗಂಡ ನನ್ನ ಕೈ ಹಿಡಿದುಕೊಂಡ. ಮುಗಿಯಿತು ಎಂದು ನಾನೂ ಎದ್ದೆ. ಮಿಷನಕ್ಕ ಅಲುಗಲಿಲ್ಲ.

"ಮೇಡಂ, ನಾನು ಹೇಳೋದಿದೆ."

"ವಜಾ ಆಯ್ತಮ್ಮ. ನೀವೇನೂ ಕೊಡ್ಬೇಕಾಗಿಲ್ಲ. ಹೋಗಿ."

"ಅದಲ್ಲ. ಅವರು ಬರಲಿಲ್ಲ ಅಂತ ನೀವು ವಜಾ ಮಾಡಿದ್ರಿ. ನನ್ನ ಮಿಷನ್ ಚೆನ್ನಾಗಿತ್ತು ಅಂತ ಯಾರೂ ಹೇಳಲಿಲ್ಲ. ಕೆಟ್ಟ ಮಾಲು ಕೊಟ್ಲು ಅನ್ನೋ ಮಾತು ಆ ಕಾಗದದಲ್ಲಿ ಹಾಗೇ ಇದೆ. ಎರಡು ನಿಮಿಷ ಕೊಡಿ."

ನ್ಯಾಯಾಧೀಶೆ ಗಡಿಯಾರ ನೋಡಿದರು, ಆಕೆಯ ಮುಖ ನೋಡಿದರು. "ಬರೆಸೋಕಾಗಲ್ಲ. ಹೇಳಿ, ಕೇಳ್ತೀನಿ."

ಆಕೆ ಸೆರಗಿನಿಂದ ಕೈ ಒರೆಸಿಕೊಂಡಳು. ಎಂಟು ಮಿಷನ್‌ಗಳಲ್ಲಿ ಯಾವುದಕ್ಕೆ ಹೊಸ ಮೋಟಾರು ಹಾಕಿದ್ದು, ಯಾವುದರ ಶಟಲ್ ಬದಲಿಸಿದ್ದು, ಕೊಡುವ ಮುಂಚೆ ಪ್ರತಿಯೊಂದನ್ನೂ ಮೂರು ದಿನ ಓಡಿಸಿ ನೋಡಿದ್ದು, ವಾರಕ್ಕೊಮ್ಮೆ ಎಣ್ಣೆ ಹಾಕಿ ಎಂದು ಹೇಳಿ ಕಳಿಸಿದ್ದು, ಅವರು ತಿಂಗಳಾದರೂ ಹಾಕದೆ ಇದ್ದದ್ದು, ಆದರೂ ಅವು ಹತ್ತೊಂಬತ್ತು ತಿಂಗಳು ಓಡಿದ್ದು, ಒಂದೊಂದಾಗಿ ಹೇಳಿದಳು. ಮುಂದಿನ ಸಾಲಿನ ವಕೀಲರು ಮೊದಲು ನಕ್ಕರು, ಆಮೇಲೆ ಕೇಳತೊಡಗಿದರು. ಎರಡು ನಿಮಿಷ ಆಯಿತು, ನಾಲ್ಕಾಯಿತು. ಕ್ಲರ್ಕು ಮುಂದಿನ ನಂಬರು ಕೂಗಿದ. ಆಕೆ ಅವನ ಕಡೆಗೆ ತಿರುಗದೆ ಒಂದು ಕೈ ಎತ್ತಿ, ತಡೆ ಎಂದು ಸನ್ನೆ ಮಾಡಿ, ಏಳನೇ ಮಿಷನ್ನಿನ ವಿಷಯಕ್ಕೆ ಬಂದಳು.